‘ಚಲೋ ಆತು’: ಆಡುಮಾತಿನ ಅರ್ಥನಿರ್ಣಯದ ಒಂದು ತೊಡಕು

ಆಡುನುಡಿಯ ಪದವೊಂದಕ್ಕೆ ಎರಡು ಮೂರು ಅರ್ಥಗಳು ಸಾಧ್ಯವಿದ್ದಾಗ ಅವುಗಳಲ್ಲಿ ಯಾವುದು ಸರಿ ಎಂಬುದನ್ನು ಯಾರು, ಹೇಗೆ ತೀರ್ಮಾನಿಸಬೇಕು ಎಂಬ ಪ್ರಶ್ನೆ ನಮ್ಮ ಉಪಭಾಷಾ ಅಧ್ಯಯನಗಳಲ್ಲಿ ಇನ್ನೂ ಗಟ್ಟಿಯಾಗಿ ಚರ್ಚೆಗೆ ಬಂದಿಲ್ಲವೆಂದು ನನಗೆ ಅನ್ನಿಸುತ್ತದೆ. ಈ ಮಾತನ್ನು ಹೇಳಲು ನನಗೆ ಧೈರ್ಯ ಬಂದಿರುವುದು ಪಾಂಡಿತ್ಯದಿಂದಲ್ಲ; ನಾನೇ ಮಾಡಿದ ಒಂದು ತಪ್ಪು ತೀರ್ಮಾನದಿಂದ.

ಕೆಲವು ವರ್ಷಗಳ ಹಿಂದೆ ನಾನು ಕರಾವಳಿಯ ಒಂದು ಕಾಲೇಜಿನಲ್ಲಿ ಕನ್ನಡ ಪಾಠ ಹೇಳುತ್ತಿದ್ದೆ. ಕಾರವಾರ ಮತ್ತು ಅಂಕೋಲಾಗಳ ನಡುವೆ ಇರುವ ಹಾರವಾಡದಿಂದ ಬರುತ್ತಿದ್ದ ಹುಡುಗನೊಬ್ಬ ಆಗಸ್ಟ್ ತಿಂಗಳ ಒಂದು ಬೆಳಿಗ್ಗೆ ತರಗತಿಯ ವಾಟ್ಸ್‌ಆ್ಯಪ್ ಗುಂಪಿನಲ್ಲಿ ತನ್ನ ಮನೆಯ ಸುದ್ದಿಯನ್ನು ಬರೆದಿದ್ದ. ಹಿಂದಿನ ರಾತ್ರಿ ಗಾಳಿ ಎದ್ದು, ತಂದೆ ಹೋಗಿದ್ದ ದೋಣಿಯವರು ಬಲೆಯನ್ನು ಕಡಲಿನಲ್ಲೇ ಬಿಟ್ಟು ದಡ ಸೇರಿದ್ದರು. ಅದಕ್ಕೆ ಅದೇ ಊರ ಕಡೆಯ ಇನ್ನೊಬ್ಬ ಹುಡುಗ ‘ಚಲೋ ಆತು’ ಎಂದು ಎರಡೇ ಪದಗಳ ಉತ್ತರ ಕೊಟ್ಟಿದ್ದ. ಘಟ್ಟದ ಮೇಲಿನಿಂದ ಬಂದು ಹಾಸ್ಟೆಲಿನಲ್ಲಿದ್ದ ಕೆಲವರಿಗೆ ಇದು ಕ್ರೂರವಾಗಿ ಕಂಡಿತು. ಆ ಒಂದು ಸಾಲಿನ ಚಿತ್ರವನ್ನು ಮೊಬೈಲಿನಲ್ಲಿ ಸೆರೆಹಿಡಿದು ತಂದು ನನ್ನ ಮೇಜಿನ ಮೇಲೆ ಇಟ್ಟರು. ಕನ್ನಡ ಮೇಷ್ಟರಾದ ನಾನು ಅರ್ಥ ಹೇಳಬೇಕಿತ್ತು. ಹೇಳಿದೆ. ‘ಚಲೋ’ ಎಂದರೆ ಒಳ್ಳೆಯದು. ಒಬ್ಬನ ಮನೆಯ ಬಲೆ ಹೋದದ್ದನ್ನು ಇನ್ನೊಬ್ಬ ಒಳ್ಳೆಯದಾಯಿತು ಎಂದರೆ ಅದು ಅಪಹಾಸ್ಯವಲ್ಲದೆ ಮತ್ತೇನು? ಆ ಹುಡುಗನನ್ನು ಕರೆಸಿ ಎಲ್ಲರ ಮುಂದೆ ಕ್ಷಮೆ ಕೇಳಿಸಿದೆ. ಅವನು ವಾದಿಸಲಿಲ್ಲ.

ತಿಂಗಳೊಂದು ಕಳೆದ ಮೇಲೆ ಬೇರೊಂದು ಕೆಲಸಕ್ಕಾಗಿ ಹಾರವಾಡಕ್ಕೆ ಹೋದಾಗ, ಬಲೆ ಕಳೆದುಕೊಂಡ ಮನೆಯ ಅಜ್ಜಿ ಈ ಸಂಗತಿಯನ್ನು ತಾವಾಗಿಯೇ ಎತ್ತಿದರು. “ಬಲೆ ಹೋಯ್ತು, ಜನ ಬಂದ್ರು. ಚಲೋ ಆಗ್ಲಿಲ್ವಾ ಮಾಸ್ತರೇ?” ಎಂದರು. ಮೊಮ್ಮಗ ತನ್ನ ಮೊಬೈಲನ್ನು ತೆಗೆದು ನನಗೆ ಇಡೀ ಸಂಭಾಷಣೆಯನ್ನು ತೋರಿಸಿದ. ‘ಚಲೋ ಆತು’ ಎಂಬ ಸಾಲಿನ ಕೆಳಗೆ ಅವನೇ ‘ಹೂಂ’ ಎಂದು ಬರೆದು ಕೈಮುಗಿದ ಚಿತ್ರವನ್ನು ಹಾಕಿದ್ದ. ನನ್ನ ಮೇಜಿಗೆ ಬಂದ ಚಿತ್ರದಲ್ಲಿ ಆ ಸಾಲು ಇರಲಿಲ್ಲ. ನಾನೂ ಕೇಳಿರಲಿಲ್ಲ. ಯಾರಿಗೆ ನೋವಾಯಿತೆಂದು ನಾನು ತೀರ್ಪು ಕೊಟ್ಟಿದ್ದೆನೋ ಅವನನ್ನು ಒಂದು ಮಾತು ವಿಚಾರಿಸಬೇಕೆಂದೂ ನನಗೆ ತೋರಿರಲಿಲ್ಲ.

ಇಲ್ಲಿ ಗಮನಿಸಬೇಕಾದದ್ದು ನನಗೆ ಪದ ಗೊತ್ತಿತ್ತು ಎಂಬುದನ್ನು. ‘ಚಲೋ’ ಎಂಬುದಕ್ಕೆ ಒಳ್ಳೆಯದು, ಚೆನ್ನಾಗಿದೆ ಎಂಬ ಅರ್ಥ ಉತ್ತರ ಕನ್ನಡದಲ್ಲೂ ಧಾರವಾಡದ ಕಡೆಯಲ್ಲೂ ಇರುವುದು ಎಲ್ಲರಿಗೂ ತಿಳಿದ ವಿಷಯ. ಕೆಲಸ ಕೆಟ್ಟಾಗ ‘ಚಲೋ ಆತು ನೋಡು’ ಎಂದು ವ್ಯಂಗ್ಯವಾಗಿ ಹೇಳುವುದೂ ಉಂಟು. ಕೇಡು ಇಷ್ಟಕ್ಕೇ ಮುಗಿಯಿತಲ್ಲ ಎಂಬ ನಿಟ್ಟುಸಿರಿನಲ್ಲಿ ಅದೇ ಮಾತು ಬರುವುದೂ ಉಂಟು. ಮೂರೂ ಅರ್ಥಗಳು ಪದದಲ್ಲಿದ್ದವು. ನಾನು ಸೋತದ್ದು ಪದಜ್ಞಾನದಲ್ಲಿ ಅಲ್ಲ, ಆಯ್ಕೆಯಲ್ಲಿ. ಪದದ ವ್ಯುತ್ಪತ್ತಿಯನ್ನು ಎಷ್ಟು ಹಿಂದಕ್ಕೆ ಎಳೆದರೂ ಈ ಆಯ್ಕೆಗೆ ಅದರಿಂದ ನೆರವು ಸಿಗುವುದಿಲ್ಲ.

ಸೋಜಿಗವೆಂದರೆ, ಈ ಆಯ್ಕೆಯ ಶಾಸ್ತ್ರವನ್ನು ನಾವು ಪ್ರತಿ ವರ್ಷವೂ ಪಾಠ ಹೇಳುತ್ತೇವೆ. ಕಾವ್ಯಮೀಮಾಂಸೆಯ ತರಗತಿಯಲ್ಲಿ ಶಬ್ದಶಕ್ತಿಗಳನ್ನು ವಿವರಿಸುವಾಗ ‘ಸೈಂಧವ’ದ ಉದಾಹರಣೆಯನ್ನು ಹೇಳದ ಅಧ್ಯಾಪಕರು ಇರಲಾರರು. ಊಟಕ್ಕೆ ಕುಳಿತವನು ಸೈಂಧವ ತಾ ಎಂದರೆ ಉಪ್ಪು. ಪ್ರಯಾಣಕ್ಕೆ ಹೊರಟವನು ಹೇಳಿದರೆ ಕುದುರೆ. ಅನೇಕಾರ್ಥದ ಶಬ್ದವನ್ನು ಒಂದು ಅರ್ಥಕ್ಕೆ ಕಟ್ಟಿಹಾಕುವ ಸಂಗತಿಗಳನ್ನು ಭರ್ತೃಹರಿಯು ‘ವಾಕ್ಯಪದೀಯ’ದ ಎರಡನೆಯ ಕಾಂಡದಲ್ಲಿ ಎಣಿಸಿದ್ದಾನೆ, ಮಮ್ಮಟನು ‘ಕಾವ್ಯಪ್ರಕಾಶ’ದ ಎರಡನೆಯ ಉಲ್ಲಾಸದಲ್ಲಿ ಅವನ್ನು ಎತ್ತಿಕೊಂಡು ಒಂದೊಂದಕ್ಕೂ ನಿದರ್ಶನ ಕೊಡುತ್ತಾನೆ. ಸಾಹಚರ್ಯ, ಪ್ರಕರಣ, ಬೇರೆ ಶಬ್ದದ ಸನ್ನಿಧಿ, ಔಚಿತ್ಯ, ದೇಶ, ಕಾಲ, ಸ್ವರ ಎಂದು ಆ ಪಟ್ಟಿ ಸಾಗುತ್ತದೆ. ವಿದ್ಯಾರ್ಥಿಗಳು ಇದನ್ನು ಬಾಯಿಪಾಠ ಮಾಡಿ ಪರೀಕ್ಷೆಯಲ್ಲಿ ಬರೆಯುತ್ತಾರೆ. ಅದೇ ವಿದ್ಯಾರ್ಥಿ ಮುಂದೆ ಉಪಭಾಷೆಯ ಮೇಲೆ ಮಹಾಪ್ರಬಂಧ ಬರೆಯುವಾಗ ಅನುಬಂಧದಲ್ಲಿ ಎರಡು ಅಂಕಣಗಳ ಪದಪಟ್ಟಿಯನ್ನು ಕೊಡುತ್ತಾನೆ: ಎಡಗಡೆ ಪದ, ಬಲಗಡೆ ಶಿಷ್ಟ ಕನ್ನಡದಲ್ಲಿ ಅದರ ಅರ್ಥ. ಪ್ರಕರಣವಿಲ್ಲ, ದೇಶವೆಂದರೆ ತಾಲ್ಲೂಕಿನ ಹೆಸರು ಅಷ್ಟೆ, ಸ್ವರದ ಮಾತೇ ಇಲ್ಲ. ಮಾರ್ಗದರ್ಶಕರಾದ ನಾವು ಸಹಿ ಹಾಕುತ್ತೇವೆ. ಕಾವ್ಯಕ್ಕೆ ಬೇಕಾದ ಎಚ್ಚರ ಮೀನುಗಾರನ ಮಾತಿಗೆ ಬೇಡವೆಂದು ನಾವು ಯಾವಾಗ ತೀರ್ಮಾನಿಸಿದೆವೋ ತಿಳಿಯದು.

ಸ್ವರದ ವಿಷಯದಲ್ಲಿ ಇನ್ನೂ ಒಂದು ಮಾತಿದೆ. ಸ್ವರವು ಅರ್ಥವನ್ನು ನಿರ್ಣಯಿಸುವುದು ವೇದದಲ್ಲಿ ಮಾತ್ರ, ಕಾವ್ಯದಲ್ಲಿ ಅಲ್ಲ ಎಂದು ಮಮ್ಮಟನ ಅಭಿಪ್ರಾಯ. ಆಡುನುಡಿಯಲ್ಲಿ ಇದು ತಲೆಕೆಳಗಾಗುತ್ತದೆ. ‘ಚಲೋ ಆತು’ ಎಂಬುದನ್ನು ದನಿ ಎಳೆದು ಹೇಳಿದರೆ ವ್ಯಂಗ್ಯ, ಉಸಿರು ಬಿಟ್ಟು ಹೇಳಿದರೆ ಸಮಾಧಾನ, ತಟ್ಟನೆ ಹೇಳಿದರೆ ಮೆಚ್ಚುಗೆ. ಮೊಬೈಲಿನಲ್ಲಿ ಬರೆದ ಆಡುನುಡಿಯಾದರೋ ಆಡುಮಾತಿನ ಪದಗಳನ್ನು ಉಳಿಸಿಕೊಂಡು ಅದರ ಸ್ವರವನ್ನು ಕಳೆದುಕೊಂಡಿರುವ ಹೊಸ ಬಗೆಯ ಬರಹ. ಅಕ್ಷರವನ್ನು ಮೂರು ನಾಲ್ಕು ಸಲ ಒತ್ತುವುದು, ನಗುವ ಮುಖವನ್ನೋ ಕೈಮುಗಿದ ಚಿತ್ರವನ್ನೋ ಹಾಕುವುದು, ಇವೆಲ್ಲ ಕಳೆದುಹೋದ ಸ್ವರಕ್ಕೆ ಹುಡುಗರು ಕಂಡುಕೊಂಡ ಬದಲಿಗಳು. ಅವನ್ನು ಚೆಲ್ಲಾಟವೆಂದು ಬಿಟ್ಟು ಪದವನ್ನು ಮಾತ್ರ ಎತ್ತಿ ಬರೆದುಕೊಳ್ಳುವ ಸಂಶೋಧಕ ಅರ್ಥದ ಅರ್ಧವನ್ನು ದಡದಲ್ಲೇ ಬಿಟ್ಟು ಬರುತ್ತಾನೆ.

ಹಾರವಾಡದಂಥ ಊರಿನಲ್ಲಿ ‘ದೇಶ’ವೂ ಸರಳವಾದುದಲ್ಲ. 1862ರಲ್ಲಿ ಮದರಾಸು ಪ್ರಾಂತದಿಂದ ಮುಂಬಯಿ ಪ್ರಾಂತಕ್ಕೆ ಸೇರಿ 1956ರ ತನಕ ಅಲ್ಲಿಯ ಆಡಳಿತದಲ್ಲಿದ್ದ ಜಿಲ್ಲೆಯಿದು. ಇಲ್ಲಿ ಮನೆಯಲ್ಲಿ ಕೊಂಕಣಿ, ಶಾಲೆಯಲ್ಲಿ ಕನ್ನಡ, ಹಿರಿಯರ ನೆನಪಿನಲ್ಲಿ ಮರಾಠಿ ಒಟ್ಟಿಗೆ ಇರುವುದು ಅಪರೂಪವಲ್ಲ. 1998ರಲ್ಲಿ ಕೊಂಕಣ ರೈಲು ಉದ್ದಕ್ಕೂ ಓಡತೊಡಗಿತು. ಹಾರವಾಡಕ್ಕೂ ಒಂದು ನಿಲ್ದಾಣವಾಯಿತು. 1986ರಲ್ಲಿ ಶಂಕುಸ್ಥಾಪನೆಯಾದ ಸೀಬರ್ಡ್ ಯೋಜನೆಗಾಗಿ ಕಾರವಾರ–ಅಂಕೋಲಾ ಕಡಲಂಚಿನ ಹಲವು ಹಳ್ಳಿಗಳ ಜನ ಎದ್ದು ಬೇರೆ ಕಡೆ ನೆಲೆಸಬೇಕಾಯಿತು. 2005ರಲ್ಲಿ ಐ.ಎನ್.ಎಸ್. ಕದಂಬ ನೌಕಾನೆಲೆ ಕಾರ್ಯಾರಂಭ ಮಾಡಿದ ಮೇಲೆ ಹಿಂದಿ ಮಾತನಾಡುವವರ ಸಂಪರ್ಕ ಹೆಚ್ಚಿತು. ಈಗ ಹುಡುಗನೊಬ್ಬ ‘ಸಂಜೆ ಬೀಚಿಗೆ ಚಲೋ’ ಎಂದು ಬರೆದರೆ ಸಂಜೆ ಕಡಲತೀರಕ್ಕೆ ಹೋಗುವುದು ಒಳ್ಳೆಯದು ಎಂದೋ, ಸಂಜೆ ಹೋಗೋಣ ನಡೆ ಎಂದೋ? ಸಂಭಾಷಣೆಯ ಕೊನೆಯಲ್ಲಿ ಬರಿಯ ‘ಚಲೋ’ ಇದ್ದರೆ ಅದು ಹಿಂದಿಯವರು ಬೀಳ್ಕೊಡುವಾಗ ಹೇಳುವ ‘ಸರಿ, ಬರ್ತೇನೆ’ ಎಂಬ ಮಾತೂ ಇರಬಹುದು. ಕೊಂಕಣಿಯ ಕೆಲವು ಬಗೆಗಳಲ್ಲಿ ಹುಡುಗನಿಗೆ ಹೇಳುವ ‘ಚೆಲೊ’ ಕೂಡ ಪಕ್ಕದಲ್ಲೇ ಸುಳಿಯುತ್ತಿರುತ್ತದೆ. ಒಂದೇ ಬಾಯಿ ಈ ಎಲ್ಲವನ್ನೂ ಆಡುತ್ತದೆ; ಆಡುವವನಿಗೆ ಗೊಂದಲವಿಲ್ಲ, ಸಂಗ್ರಹಿಸುವವನಿಗೆ ಮಾತ್ರ ಇದೆ.

ರೋಮನ್ ಲಿಪಿಯಲ್ಲಿ ಕನ್ನಡ ಬರೆಯುವ ರೂಢಿಯಿಂದ ಈ ಗೊಂದಲಕ್ಕೆ ಇನ್ನೊಂದು ಪದರ ಸೇರಿದೆ. ಎಂ, ಎ, ಎಲ್, ಇ ಎಂಬ ನಾಲ್ಕು ಅಕ್ಷರಗಳನ್ನು ಮಳೆ ಎಂದೂ ಮಲೆ ಎಂದೂ ಮಾಲೆ ಎಂದೂ ಓದಬಹುದು, ಗಂಡು ಎಂಬ ಅರ್ಥದ ಇಂಗ್ಲಿಷ್ ಪದವೆಂದೂ ಓದಬಹುದು. ಲಕಾರ ಳಕಾರಗಳ ಭೇದ ಅಳಿದಾಗ ‘ಮಲ್ಲ’ನೂ ‘ಮಳ್ಳ’ನೂ ಒಂದೇ ಆಗುತ್ತಾರೆ.

ಈ ‘ಮಳ್ಳ’ನ ಸಂಗತಿ ಸ್ವಲ್ಪ ವಿಸ್ತಾರವಾಗಿ ನೋಡತಕ್ಕದ್ದು. ಹಳೆ ಮೈಸೂರಿನ ಕಡೆ ಮಳ್ಳ ಎಂದರೆ ಎಲ್ಲ ತಿಳಿದೂ ತಿಳಿಯದವನಂತೆ ನಟಿಸುವವನು, ಒಳಗೊಳಗೇ ಜಾಣ. ಉತ್ತರ ಕನ್ನಡದಲ್ಲಿ ಮಳ್ಳು ಎಂದರೆ ಹುಚ್ಚು. ಮಳ್ಳ ಎಂದರೆ ಹುಚ್ಚ, ಇಲ್ಲವೆ ತಿಳಿವಳಿಕೆ ಸಾಲದವನು. ಒಂದು ಕಡೆ ಅತಿ ಬುದ್ಧಿ, ಇನ್ನೊಂದು ಕಡೆ ಬುದ್ಧಿಯ ಅಭಾವ. ಅಂಕೋಲಾದ ತಾಯಿ ಮಗುವಿಗೆ ಮುದ್ದಿನಿಂದ ‘ಮಳ್ಳ’ ಎಂದರೆ ಈ ಎರಡೂ ಅಲ್ಲ. ಮೈಸೂರಿನಿಂದ ಬಂದ ಅಧ್ಯಾಪಕನನ್ನು ಅಂಕೋಲಾದ ವಿದ್ಯಾರ್ಥಿ ಹಿಂದಿನಿಂದ ಮಳ್ಳ ಎಂದರೆ ಅಧ್ಯಾಪಕ ತನ್ನನ್ನು ಕಪಟಿ ಎಂದನೆಂದು ಸಿಟ್ಟಾಗಬಹುದು. ಹುಡುಗ ಅಂದದ್ದು ಅದಕ್ಕಿಂತ ಕೆಟ್ಟದ್ದೋ ಒಳ್ಳೆಯದೋ ಎಂಬುದನ್ನು ಓದುಗರೇ ಹೇಳಬೇಕು. ಕರಾವಳಿಯ ‘ಪಾಪದವನು’ ಕೂಡ ಹೀಗೆಯೇ. ಅವನು ಪಾಪ ಮಾಡಿದವನಲ್ಲ, ಯಾರ ತಂಟೆಗೂ ಹೋಗದ ಸಾಧು. ‘ಬೇಜಾರು’ ಎಂಬುದರಲ್ಲಿ ಹೊತ್ತು ಹೋಗದಿರುವುದು, ಮನಸ್ಸಿಗೆ ನೋವಾಗುವುದು, ಮುನಿಸು ಎಲ್ಲ ಸೇರಿಕೊಂಡಿವೆ. ಇದು ಕರಾವಳಿಗೆ ಮಾತ್ರ ಸೀಮಿತವೂ ಅಲ್ಲ. ‘ಮಾರಾಯ’ ಎಂಬ ಸಂಬೋಧನೆಯಲ್ಲಿ ಮಹಾರಾಜ ಎಷ್ಟು ಉಳಿದಿದ್ದಾನೆ ಎಂದು ಹುಡುಕುವುದು ವ್ಯರ್ಥ.

‘ಸಾಯ್ಲಿ’ ಎಂಬುದು ಹೊರಗಿನವರಿಗೆ ಶಾಪದಂತೆ ಕೇಳಿಸುತ್ತದೆ. ಕರಾವಳಿಯಲ್ಲಿ ಅದು ಬಹುಮಟ್ಟಿಗೆ ‘ಇರಲಿ ಬಿಡು’ ಎಂಬುದಕ್ಕೆ ಸಮ. ನನ್ನ ತಪ್ಪು ತಿಳಿದ ಮೇಲೆ ಆ ಹುಡುಗನನ್ನು ಕಂಡು, ಅಂದು ನಾನು ಅವಸರ ಮಾಡಿದೆ ಎಂದಾಗ ಅವನು “ಸಾಯ್ಲಿ ಬಿಡಿ ಸರ್” ಎಂದ. ನಾನು ಅದನ್ನು ಕ್ಷಮೆ ಎಂದು ತೆಗೆದುಕೊಂಡೆ. ಅವನ ದನಿಯಲ್ಲಿ ಇನ್ನೂ ಏನೋ ಇತ್ತು ಎಂಬುದೂ ನನಗೆ ಗೊತ್ತು.

ಈ ತೊಡಕು ನಮ್ಮ ಕರಾವಳಿಯದೊಂದೇ ಅಲ್ಲ. ಇಂಡೋನೇಷ್ಯಾದ ಭಾಷೆಯನ್ನು ಪುಸ್ತಕದಿಂದ ಕಲಿತವರು ಜಕಾರ್ತದ ಯುವಜನರು ಬರೆಯುವುದನ್ನು ಓದಿದಾಗ ಹೀಗೆಯೇ ತಬ್ಬಿಬ್ಬಾಗುತ್ತಾರೆ. ಅಲ್ಲಿ ‘ಪ್ರೊಕೆಮ್’ ಎಂಬ ಗುಟ್ಟುನುಡಿಯಿಂದ ಬಂದ ಪದಗಳು ಕಾಲಕ್ರಮದಲ್ಲಿ ಹುಡುಗರ ದಿನನಿತ್ಯದ ಮಾತಾದವು. ತಂದೆ ಎಂಬ ಅರ್ಥದ ‘ಬಾಪಕ್’ ಪದದ ನಡುವೆ ಹೊಸ ಧ್ವನಿಯನ್ನು ತೂರಿಸಿ ಕೊನೆಯನ್ನು ಕತ್ತರಿಸಿದರೆ ‘ಬೊಕಪ್’. ನಮ್ಮ ಮಕ್ಕಳು ಪ್ರತಿ ಅಕ್ಷರಕ್ಕೂ ಕಕಾರ ಸೇರಿಸಿ ಆಡುವ ಭಾಷೆಯನ್ನು ಬಲ್ಲವರಿಗೆ ಇದು ಅಪರಿಚಿತವಲ್ಲ. ಇಂಥ ಪದದಲ್ಲಿ ನಿಯಮ ತಿಳಿದರೆ ಅರ್ಥ ಬಿಚ್ಚಿಕೊಳ್ಳುತ್ತದೆ. ಬಿಚ್ಚಿಕೊಳ್ಳದ ಪದಗಳು ಬೇರೆ. ನಾಯಿ ಎಂಬ ಅರ್ಥದ ‘ಆಂಜಿಂಗ್’ ಅಲ್ಲಿ ಬೈಗುಳ. ಅದರ ಮೆತ್ತಗಿನ ರೂಪ ‘ಆಂಜಾಯ್’ ಗೆಳೆಯರ ನಡುವೆ ಬೆರಗಿಗೂ ಮೆಚ್ಚುಗೆಗೂ ಬರುತ್ತದೆ. 2020ರ ಆಗಸ್ಟ್‌ನಲ್ಲಿ ಮಕ್ಕಳ ರಕ್ಷಣೆಯ ಸಂಘಟನೆಯೊಂದು ಈ ಪದದ ಬಳಕೆಯನ್ನು ನಿಲ್ಲಿಸಬೇಕೆಂದು ಕರೆಕೊಟ್ಟಾಗ ದೊಡ್ಡ ಚರ್ಚೆಯೇ ನಡೆಯಿತು. ಮೆಚ್ಚುಗೆಗೆ ಆಡಿದರೆ ಒಂದು, ಹೀಯಾಳಿಸಲು ಆಡಿದರೆ ಇನ್ನೊಂದು ಎಂಬ ಭೇದವನ್ನು ಆ ಸಂಘಟನೆಯೂ ಹೇಳಬೇಕಾಯಿತು. ಭೇದವನ್ನು ಒಪ್ಪಿದ ಮೇಲೆ ಪದವನ್ನೇ ನಿಷೇಧಿಸುವುದರಲ್ಲಿ ಏನು ಅರ್ಥ ಉಳಿಯುತ್ತದೆ? ನಾನು ನನ್ನ ಮೇಜಿನ ಹಿಂದೆ ಕುಳಿತು ಮಾಡಿದ್ದೂ ಇಂಥದೇ ಒಂದು ಸಣ್ಣ ನಿಷೇಧ.

ನಮ್ಮಲ್ಲಿ ಕೆಲಸವೇ ನಡೆದಿಲ್ಲವೆಂದು ಹೇಳುವ ಉದ್ದೇಶ ನನ್ನದಲ್ಲ. ಇದೇ ಕರಾವಳಿಯ ಹಾಲಕ್ಕಿ ಒಕ್ಕಲಿಗರ ನುಡಿಯನ್ನು ಕುರಿತು ಎ.ಎಸ್. ಆಚಾರ್ಯ ಅವರ ‘ಹಾಲಕ್ಕಿ ಕನ್ನಡ’ ಎಂಬ ಗ್ರಂಥ 1967ರಲ್ಲಿ ಪುಣೆಯ ಡೆಕ್ಕನ್ ಕಾಲೇಜಿನಿಂದ ಪ್ರಕಟವಾಯಿತು. ಯು.ಪಿ. ಉಪಾಧ್ಯಾಯರ ಸಂಪಾದಕತ್ವದ ತುಳು ನಿಘಂಟು 1988ರಿಂದ 1997ರ ಅವಧಿಯಲ್ಲಿ ಆರು ಸಂಪುಟಗಳಲ್ಲಿ ಹೊರಬಂದು, ಜನರ ಬಾಯಿಂದ ಪದಗಳನ್ನು ತರುವುದು ಹೇಗೆಂದು ತೋರಿಸಿತು. ಕನ್ನಡ ಸಾಹಿತ್ಯ ಪರಿಷತ್ತಿನ ಎಂಟು ಸಂಪುಟಗಳ ನಿಘಂಟು ಶಾಸನ ಮತ್ತು ಗ್ರಂಥಗಳ ಪ್ರಯೋಗಗಳನ್ನು ಆಧರಿಸಿದ್ದು; ಅಲ್ಲಿ ಅರ್ಥದ ಜೊತೆಗೆ ಪ್ರಯೋಗವೂ ಇರುತ್ತದೆ ಎಂಬುದೇ ಅದರ ಬಲ. ಜಿ. ವೆಂಕಟಸುಬ್ಬಯ್ಯನವರ ‘ಇಗೋ ಕನ್ನಡ’ ಅಂಕಣವು ಪದದ ಅರ್ಥವೆಂಬುದು ಪಂಡಿತರ ಸ್ವತ್ತಲ್ಲ, ಪತ್ರಿಕೆ ಓದುವ ಎಲ್ಲರ ಕುತೂಹಲ ಎಂಬುದನ್ನು ಸ್ಪಷ್ಟಪಡಿಸಿತು. ನನ್ನ ತಕರಾರು ಇರುವುದು ಈ ಶಿಸ್ತು ನಮ್ಮ ವಿಭಾಗಗಳ ಕ್ಷೇತ್ರಕಾರ್ಯಕ್ಕೆ ಇಳಿಯಲಿಲ್ಲ ಎಂಬುದರ ಬಗ್ಗೆ.

ವೃತ್ತಿಪದಗಳ ಸಂಗ್ರಹದಲ್ಲಿ ಎರಡು ಅಂಕಣಗಳ ಪಟ್ಟಿ ಒಂದು ಮಟ್ಟಕ್ಕೆ ನಡೆಯುತ್ತದೆ. ರಾಂಪಣಿ ಎಂದರೇನು ಎಂದು ಕೇಳಿದರೆ ಹಾರವಾಡದ ಹಿರಿಯರು ದಡದಲ್ಲಿ ನಿಂತು ಹತ್ತಾರು ಜನ ಎಳೆಯುತ್ತಿದ್ದ ಉದ್ದ ಬಲೆಯನ್ನು ವರ್ಣಿಸಬಲ್ಲರು. 1970ರ ದಶಕದ ನಡುಭಾಗದಿಂದ ಪರ್ಸೀನ್ ದೋಣಿಗಳು ಬಂದು ರಾಂಪಣಿ ಹಿಂದೆ ಸರಿದರೂ ಬಲೆಯ ತುಂಡನ್ನು ಕೈಯಲ್ಲಿ ಹಿಡಿದು ತೋರಿಸಬಹುದು, ಚಿತ್ರ ತೆಗೆಯಬಹುದು. ತಾರ್ಲೆಯನ್ನೂ ಬಂಗಡೆಯನ್ನೂ ಬುಟ್ಟಿಯಿಂದ ಎತ್ತಿ ತೋರಿಸಬಹುದು. ‘ಚಲೋ ಆತು’ವನ್ನು ಹಾಗೆ ತೋರಿಸಲಾಗುವುದಿಲ್ಲ. ಅದರ ಅರ್ಥವೇನು ಎಂದು ನೇರವಾಗಿ ಕೇಳಿದರೆ ಮಾಹಿತಿದಾರರು ಅಧ್ಯಾಪಕನಿಗೆ ಹಿತವಾಗುವಂಥ ಶಿಷ್ಟ ಪದವೊಂದನ್ನು ಹುಡುಕಿ ಕೊಡುತ್ತಾರೆ. ನಾವು ಅದನ್ನೇ ಬರೆದುಕೊಂಡು ಬರುತ್ತೇವೆ. ಕೇಳಬೇಕಾದದ್ದು ಬೇರೆ: ಇದನ್ನು ನೀವು ಯಾರಿಗೆ ಹೇಳುವುದಿಲ್ಲ? ಸಾವಿನ ಮನೆಯಲ್ಲಿ ಹೇಳುತ್ತೀರಾ? ಮಾವನಿಗೆ ಹೇಳುತ್ತೀರಾ? ಅದನ್ನು ಹೇಳದಿದ್ದರೆ ಅಲ್ಲಿ ಇನ್ನೇನು ಹೇಳುತ್ತಿದ್ದಿರಿ? ಪದದ ಎಲ್ಲೆ ಎಲ್ಲಿದೆ ಎಂಬುದು ಅದನ್ನು ಆಡಬಾರದ ಜಾಗಗಳಿಂದ ತಿಳಿಯುತ್ತದೆ. ಎಲ್ಲಕ್ಕಿಂತ ಮಿಗಿಲಾಗಿ, ಮಾತಿಗೆ ಬಂದ ಮರುಮಾತನ್ನು ದಾಖಲಿಸಬೇಕು. ಭರ್ತೃಹರಿಯ ಪಟ್ಟಿಯಲ್ಲಿ ಮರುಮಾತಿಗೆ ಪ್ರತ್ಯೇಕ ಸ್ಥಾನವಿಲ್ಲ. ಆಡುನುಡಿಯ ಅಧ್ಯಯನಕಾರರು ಅದನ್ನು ಸೇರಿಸಿಕೊಳ್ಳುವುದು ಉಚಿತ. ಕೇಳಿದವನು ನಕ್ಕನೋ, ಮುಖ ತಿರುಗಿಸಿದನೋ, ಹೂಂ ಎಂದನೋ ಎಂಬುದಕ್ಕಿಂತ ಗಟ್ಟಿಯಾದ ಪ್ರಮಾಣ ನಮಗೆ ಸಿಗಲಾರದು.

ಅಂಕೋಲಾದ ಹಿನ್ನೆಲೆಯ ವಿವೇಕ ಶಾನಭಾಗರ ‘ಘಾಚರ್ ಘೋಚರ್’ ಕಿರುಕಾದಂಬರಿಯ ಹೆಸರು ಇಲ್ಲಿ ನೆನಪಿಗೆ ಬರುತ್ತದೆ. ಯಾವ ನಿಘಂಟಿನಲ್ಲೂ ಇಲ್ಲದ, ಒಂದು ಮನೆಯವರು ಮಾತ್ರ ತಮ್ಮೊಳಗೆ ಆಡಿಕೊಂಡ ಪದವದು. ಓದುಗನು ಅದರ ಅರ್ಥವನ್ನು ವಿವರಣೆಯಿಂದಲ್ಲ, ಗಂಟುಬಿದ್ದ ದಾರದ ಸಂದರ್ಭದಿಂದ ಹಿಡಿಯುತ್ತಾನೆ. ಶ್ರೀನಾಥ ಪೆರೂರ್ ಅವರ ಇಂಗ್ಲಿಷ್ ಅನುವಾದದಲ್ಲೂ ಪದವು ಹಾಗೆಯೇ ಉಳಿದಿದೆ. ಕಾದಂಬರಿಕಾರನಿಗೂ ಅನುವಾದಕನಿಗೂ ಸಾಧ್ಯವಾದ ಈ ಸಂಯಮ ಪದಪಟ್ಟಿ ಮಾಡುವವರಿಗೆ ಸಾಧ್ಯವಾಗಬಾರದೇಕೆ? ಅರ್ಥ ನಿಶ್ಚಿತವಾಗದ ಕಡೆ ‘ಎರಡಕ್ಕೂ ಆಸ್ಪದವಿದೆ’ ಎಂದು ಬರೆದರೆ ಪ್ರಬಂಧದ ಗೌರವ ಕುಂದುವುದಿಲ್ಲ.

ಇಂಥ ಮಾತುಗಳು ಇಂದು ಹುಟ್ಟಿ ನಾಳೆ ಸಾಯುವಂಥವು, ಸಂಶೋಧನಾ ಪತ್ರಿಕೆಯ ಪುಟಗಳಿಗೆ ತಕ್ಕವಲ್ಲ ಎಂದು ಕೆಲವು ಹಿರಿಯ ಮಿತ್ರರು ಹೇಳುತ್ತಾರೆ. ‘ಚಲೋ’ವೂ ‘ಮಳ್ಳ’ನೂ ನಾಳೆ ಸಾಯುವಂತೆ ಕಾಣುವುದಿಲ್ಲ. ದೇಸಿಗಳು ಬೇರೆ ಬೇರೆಯಾಗಿರುವುದರಿಂದ ವಾಸುಕಿಯೂ ಅವನ್ನು ಅರಿಯಲಾರದೆ ಬೇಸರಗೊಂಡಾನೆಂದು ಒಂಬತ್ತನೆಯ ಶತಮಾನದ ‘ಕವಿರಾಜಮಾರ್ಗ’ವೇ ಒಪ್ಪಿಕೊಂಡಿದೆ; ಬೇಸರಕ್ಕೆ ಹೆದರಿ ಅದರ ಕರ್ತೃ ದೇಸಿಯ ಮಾತನ್ನು ಎತ್ತದೆ ಬಿಡಲಿಲ್ಲ. ಮೇಲಾಗಿ ಈಗ ಅರ್ಥ ಹೇಳುವ ಕೆಲಸ ನಮ್ಮ ಕೈಯಲ್ಲಿ ಮಾತ್ರ ಉಳಿದಿಲ್ಲ. ಗೂಗಲ್‌ನ ಅನುವಾದ ಸೌಲಭ್ಯಕ್ಕೆ 2011ರಲ್ಲಿ ಕನ್ನಡವೂ 2022ರಲ್ಲಿ ಕೊಂಕಣಿಯೂ ಸೇರಿದವು. ಯಂತ್ರವು ತನಗೆ ದೊರೆತ ಬರಹದಿಂದ ಕಲಿಯುತ್ತದೆ. ಅದಕ್ಕೆ ದೊರೆಯುವ ಕರಾವಳಿಯ ಕನ್ನಡ ನಮ್ಮ ಎರಡು ಅಂಕಣಗಳ ಪಟ್ಟಿಯೇ ಆದರೆ, ನಾನು ಒಬ್ಬ ಹುಡುಗನಿಗೆ ಮಾಡಿದ್ದನ್ನು ಅದು ಅನೇಕರಿಗೆ ಮಾಡೀತು.

ಮೊಬೈಲಿನ ಸಂಭಾಷಣೆಗಳನ್ನು ಆಕರವಾಗಿ ಬಳಸುವಾಗ ಬರೆದವರ ಒಪ್ಪಿಗೆಯನ್ನು ಪಡೆಯುವುದು, ಹೆಸರು ಮತ್ತು ಸಂಖ್ಯೆಗಳನ್ನು ತೆಗೆದುಹಾಕುವುದು ಅಗತ್ಯವೆಂದು ಬೇರೆ ಹೇಳಬೇಕಾಗಿಲ್ಲ. ಒಪ್ಪಿಗೆ ಸಿಗದಿದ್ದರೆ ಆ ಪದವನ್ನು ಬಿಟ್ಟುಬಿಡಬೇಕು, ಎಷ್ಟೇ ಸ್ವಾರಸ್ಯವಾಗಿದ್ದರೂ. ವಿಭಾಗಗಳು ಮಾಡಬಹುದಾದ ಒಂದು ಸಣ್ಣ ಕೆಲಸವಿದೆ. ಉಪಭಾಷೆಯ ಪದಪಟ್ಟಿಯುಳ್ಳ ಮಹಾಪ್ರಬಂಧವನ್ನು ಮೌಲ್ಯಮಾಪನಕ್ಕೆ ಕಳುಹಿಸುವ ಮುನ್ನ, ಪ್ರತಿ ಪದಕ್ಕೂ ಅದು ಕೇಳಿಬಂದ ಪೂರ್ಣ ವಾಕ್ಯ, ಆಡಿದವರು ಮತ್ತು ಕೇಳಿದವರ ಸಂಬಂಧ, ಬಂದ ಮರುಮಾತು ಇವುಗಳಿವೆಯೇ ಎಂದು ಮಾರ್ಗದರ್ಶಕರು 10 ಪದಗಳನ್ನಾದರೂ ತೆಗೆದು ನೋಡಲಿ. ಆಮೇಲೆ ಆ ಪಟ್ಟಿಯನ್ನು ಹೇಳಿಕೊಟ್ಟವರ ಊರಿಗೆ ಒಮ್ಮೆ ಕೊಂಡೊಯ್ದು ಅವರ ಮುಂದೆ ಓದಿಸಲಿ. ನನ್ನ ಬಳಿ ಹಳೆಯ ಪಟ್ಟಿಯೊಂದು ಇದೆ. ಅದರಲ್ಲಿ ‘ಚಲೋ’ ಎಂಬುದರ ಎದುರಿಗೆ ಒಂದೇ ಪದವಿದೆ. ಬರುವ ರಜೆಯಲ್ಲಿ ಅದನ್ನು ಹಾರವಾಡಕ್ಕೆ ಒಯ್ಯಬೇಕೆಂದಿದ್ದೇನೆ.